ಪದಚರ್ಚೆ: ‘ಅನ್ಯೂರಿಸಂ’ಗೆ ‘ಉಬ್ಬು’ ಸಾಕೇ? ‘ಅಪಾಯಕಾರಿ ಅಂಶ’ ಸರಿಯೇ?

ಗೆಳೆಯರೇ,

ಹೊಟ್ಟೆಯೊಳಗಿನ ದೊಡ್ಡ ರಕ್ತನಾಳ ಒಡೆಯುವ ಕಾಯಿಲೆ ಬಗ್ಗೆ ಹಿರಿಯರಿಗೆಂದು ಒಂದು ಕರಪತ್ರ ಬರೆಯುತ್ತಿದ್ದೇನೆ. ಮೂರು ಕಡೆ ಪದ ಸಿಗದೆ ನಿಂತಿದ್ದೇನೆ.

ಮೊದಲನೆಯದು ಅನ್ಯೂರಿಸಂ. ಗ್ರೀಕ್ ಮೂಲದಲ್ಲಿ ಅದಕ್ಕೆ ‘ಅಗಲವಾಗುವುದು’ ಎಂದಷ್ಟೇ ಅರ್ಥ. ಹೃದಯದಿಂದ ಹೊರಟ ಮಹಾಪಧಮನಿ ಹೊಟ್ಟೆಯ ಭಾಗದಲ್ಲಿ ಸುಮಾರು 2 ಸೆಂ.ಮೀ. ಅಗಲ ಇರುತ್ತದೆ. ಗೋಡೆ ಸಡಿಲವಾಗಿ ಅಲ್ಲಿ 3 ಸೆಂ.ಮೀ. ಮುಟ್ಟಿದರೆ ಅದು ಅನ್ಯೂರಿಸಂ. ನಾನು ‘ಹೊಟ್ಟೆಯ ರಕ್ತನಾಳದ ಉಬ್ಬು’ ಎಂದು ಬರೆದೆ. ನಮ್ಮ ಸೋದರಮಾವ ಓದಿ, “ಹೊಟ್ಟೆ ಉಬ್ಬರಕ್ಕೆ ಓಮದ ಕಷಾಯ ಕುಡಿದರೆ ಸಾಕಲ್ವಾ?” ಎಂದರು. ಅವರ ತಪ್ಪಲ್ಲ. ‘ಹೊಟ್ಟೆ’ ಜೊತೆ ‘ಉಬ್ಬು’ ಬಂದರೆ ನಮಗೆಲ್ಲ ಗ್ಯಾಸೇ ನೆನಪಾಗುತ್ತದೆ. ‘ಉಬ್ಬಿದ ರಕ್ತನಾಳ’ ಅಂದರೆ ಕಾಲಿನ ವೆರಿಕೋಸ್ ವೇನ್. ‘ಬಾವು’ ಅಂದರೆ ಕೀವು, ‘ಗೆಡ್ಡೆ’ ಅಂದರೆ ಕ್ಯಾನ್ಸರ್ ಭಯ.

ಇದು ಸುಮ್ನೆ ಪದದ ಹಟವಲ್ಲ. ಈ ನಾಳ ಒಡೆದಾಗ ಹೊಟ್ಟೆಯಲ್ಲೋ ಬೆನ್ನಲ್ಲೋ ಇದ್ದಕ್ಕಿದ್ದಂತೆ ಜೋರು ನೋವು ಬರುತ್ತದೆ. ಗ್ಯಾಸು, ಕಿಡ್ನಿ ಕಲ್ಲು ಎಂದುಕೊಂಡು ಮನೆಯಲ್ಲೇ ಕೂತರೆ ಹೊತ್ತು ಮೀರುತ್ತದೆ. ಒಡೆದವರಲ್ಲಿ 10ಕ್ಕೆ ಸುಮಾರು 8 ಮಂದಿ ಉಳಿಯುವುದಿಲ್ಲ. ಅವರಲ್ಲಿ ಎಷ್ಟೋ ಜನ ಆಸ್ಪತ್ರೆ ಬಾಗಿಲಿಗೂ ಬರುವುದಿಲ್ಲ. ಹಾಗಾಗಿ ‘ಬದುಕುಳಿಯುವ ಪ್ರಮಾಣ’ ಎಂದು ಬರೆಯುವಾಗ ಯಾರ ಲೆಕ್ಕ ಎಂದೂ ಹೇಳಲೇಬೇಕು. ಆಪರೇಷನ್ ಮೇಜಿನವರೆಗೆ ತಲುಪಿದವರ ಲೆಕ್ಕ ಇದಕ್ಕಿಂತ ಎಷ್ಟೋ ಮೇಲು.

ಎರಡನೆಯದು ರಪ್ಚರ್, ಅಂದರೆ ಈ ನಾಳ ಒಡೆಯುವುದು. ಇದು ಬೇಗ ಮುಗಿಯುತ್ತದೆ. ‘ನಾಳ ಸೀಳುವುದು’ ಎಂದು ಕೆಲವರು ಬರೆಯುತ್ತಾರೆ. ನನಗೆ ಒಪ್ಪಿಗೆಯಿಲ್ಲ. ನಾಳದ ಗೋಡೆಯ ಪದರಗಳ ನಡುವೆ ರಕ್ತ ನುಗ್ಗಿ ಅವು ಬೇರೆಯಾಗುವ ಇನ್ನೊಂದು ಕಾಯಿಲೆ ಇದೆ, ಡಿಸೆಕ್ಷನ್. ‘ಸೀಳು’ ಅದಕ್ಕಿರಲಿ. ಇದಕ್ಕೆ ‘ಬಿರಿ’ ಚೆನ್ನಾಗಿ ಒಪ್ಪುತ್ತದೆ, ಒಳಗಿನ ಒತ್ತಡ ತಾಳದೆ ಒಡೆಯುವುದು. ಐನ್‌ಸ್ಟೈನ್ ಸತ್ತದ್ದು ಹೀಗೇ. 1948ರಲ್ಲಿ ಸರ್ಜನ್ ರುಡಾಲ್ಫ್ ನಿಸ್ಸನ್ ಆ ಉಬ್ಬಿಗೆ ಸೆಲ್ಲೋಫೇನ್ ಸುತ್ತಿದ್ದರು. 1955ರ ಏಪ್ರಿಲ್‌ನಲ್ಲಿ ಅದು ಬಿರಿಯಿತು. ಮತ್ತೆ ಆಪರೇಷನ್ ಬೇಡ ಎಂದರು ಐನ್‌ಸ್ಟೈನ್.

ನನ್ನನ್ನು ಜಾಸ್ತಿ ಕಾಡುತ್ತಿರುವುದು ಮೂರನೆಯದು, ರಿಸ್ಕ್ ಫ್ಯಾಕ್ಟರ್, ಅಂದರೆ ಕೆಡುಕಿನ ಸಂಭವ ಹೆಚ್ಚಿಸುವ ಸಂಗತಿ. ಎಲ್ಲರೂ ‘ಅಪಾಯಕಾರಿ ಅಂಶ’ ಎನ್ನುತ್ತಾರೆ. ಬೀಡಿ, ಸಿಗರೇಟಿಗೆ ಆ ಮಾತು ಸರಿ. 65 ದಾಟಿರುವುದು, ಅಣ್ಣನಿಗೋ ಅಪ್ಪನಿಗೋ ಇದೇ ಕಾಯಿಲೆ ಇದ್ದದ್ದು ‘ಅಪಾಯಕಾರಿ’ ಹೇಗಾದೀತು? ಇನ್ನೂ ದೊಡ್ಡ ತೊಡಕು ಇಲ್ಲಿದೆ. ಈ ಉಬ್ಬು ಗಂಡಸರಿಗೆ ಹೆಚ್ಚು ಬರುತ್ತದೆ. ಆದರೆ ಬಂದ ಮೇಲೆ, ಅಷ್ಟೇ ಅಗಲದ್ದು ಹೆಂಗಸರಲ್ಲಿ ಬಿರಿಯುವ ಸಂಭವ ಜಾಸ್ತಿ. ಅದಕ್ಕೇ ಸಾಮಾನ್ಯವಾಗಿ ಗಂಡಸರಿಗೆ 5.5 ಸೆಂ.ಮೀ.ಗೆ ರಿಪೇರಿ ಯೋಚಿಸಿದರೆ ಹೆಂಗಸರಿಗೆ 5ಕ್ಕೇ ಯೋಚಿಸುತ್ತಾರೆ. ಬಿರಿದ ಮೇಲೆ ಲೆಕ್ಕ ಮತ್ತೆ ಬೇರೆ: ವಯಸ್ಸು, ಕುಸಿದ ಬಿ.ಪಿ., ತಪ್ಪಿದ ಪ್ರಜ್ಞೆ, ಮೊದಲೇ ಸೋತ ಕಿಡ್ನಿ. ಉಬ್ಬು ಬರುವುದು, ಬಿರಿಯುವುದು, ಬಿರಿದ ಮೇಲೆ ಬದುಕುವುದು, ಈ ಮೂರಕ್ಕೂ ‘ಅಪಾಯಕಾರಿ ಅಂಶ’ ಎಂದು ಒಂದೇ ತಲೆಬರಹ ಕೊಟ್ಟರೆ ಓದುವವರು ದಿಕ್ಕು ತಪ್ಪುತ್ತಾರೆ. ‘ಉಬ್ಬು ಬರಲು ಕಾರಣವಾಗಬಲ್ಲವು’, ‘ಉಬ್ಬನ್ನು ಬೇಗ ಬಿರಿಸಬಲ್ಲವು’, ‘ಬಿರಿದ ಮೇಲೆ ಬದುಕುವುದನ್ನು ಕಷ್ಟವಾಗಿಸುವವು’ ಎಂದು ಬಿಡಿಸಿ ಬರೆದಿದ್ದೇನೆ. ಉದ್ದವಾಯಿತು, ಆದರೂ ಇದೇ ಇರಲಿ ಅನ್ನಿಸುತ್ತಿದೆ.

ಉಬ್ಬಿಗೆ ಸದ್ಯಕ್ಕೆ ‘ಧಮನಿಯುಬ್ಬು’ ಎಂದು ಇಟ್ಟು, ಪಕ್ಕದಲ್ಲೇ ಅನ್ಯೂರಿಸಂ ಎಂದೂ ಬರೆದಿದ್ದೇನೆ. ಸ್ಕ್ಯಾನಿಂಗ್ ರಿಪೋರ್ಟಿನಲ್ಲಿ ಓದುವವರ ಕಣ್ಣಿಗೆ ಬೀಳುವುದು ಅದೇ ಪದ ತಾನೇ. ಹಳೇ ಸೈಕಲ್ ಟ್ಯೂಬಿಗೆ ಗಾಳಿ ಹೊಡೆದಾಗ ಸವೆದ ಜಾಗ ಮಾತ್ರ ಬುರುಡೆಯಂತೆ ಎದ್ದು ನಿಲ್ಲುತ್ತದಲ್ಲ, ಅದಕ್ಕೆ ನಿಮ್ಮ ಊರಿನ ಪಂಕ್ಚರ್ ಅಂಗಡಿಯಲ್ಲಿ ಏನೆನ್ನುತ್ತಾರೆ? ಧಾರವಾಡ, ಮಂಗಳೂರು, ಕಲಬುರಗಿ ಕಡೆಯವರು ದಯವಿಟ್ಟು ಬರೆಯಿರಿ.