ಬೋರ್‌ವೆಲ್ ನೀರಿನಲ್ಲಿ ಗುಳ್ಳೆ: ಡ್ರಿಲ್ಲಿಂಗ್ ಎಂಜಿನಿಯರ್ ಜೊತೆ ಪ್ರಶ್ನೋತ್ತರ

ಅಡ್ಮಿನ್: ಬಾವಿ ಕೊರೆಯುವ ರಿಗ್ ಮೇಲೆ ಬಹಳ ವರ್ಷ ದುಡಿದ ಎಂಜಿನಿಯರ್ ಮೇಡಂ ಇವತ್ತು ನಮ್ಮ ಜೊತೆ ಇದ್ದಾರೆ. ಎಣ್ಣೆ, ಗ್ಯಾಸ್ ಬಾವಿಗಳ ಬಗ್ಗೆ ಏನಿದ್ದರೂ ಕೇಳಿ.

ಹೊಸ ಸದಸ್ಯ: ಎಣ್ಣೆ ತೆಗೆದರೆ ನೆಲ ಟೊಳ್ಳಾಗಿ ಭೂಕಂಪ ಆಗುವುದಿಲ್ಲವೇ ಮೇಡಂ?

ಎಂಜಿನಿಯರ್: ಎಣ್ಣೆ ಕೆರೆಯ ಹಾಗೆ ನಿಂತಿರುವುದಿಲ್ಲ, ಕಲ್ಲಿನ ಸಣ್ಣ ರಂಧ್ರಗಳಲ್ಲಿರುತ್ತದೆ. ಗುಹೆ ಆಗುವುದಿಲ್ಲ. ಆದರೆ ಕಂಪನ ಆಗಿದ್ದುಂಟು. ನೆದರ್ಲೆಂಡ್ಸ್‌ನ ಗ್ರೋನಿಂಗನ್‌ನಲ್ಲಿ ಗ್ಯಾಸ್ ತೆಗೆದು ತೆಗೆದು 2012ರಲ್ಲಿ 3.6 ತೀವ್ರತೆಯ ಕಂಪನವಾಯಿತು. ಅಮೆರಿಕದ ಒಕ್ಲಹೋಮಾದಲ್ಲಿ ಎಣ್ಣೆ ಬಾವಿಗಳಿಂದ ಬಂದ ಉಪ್ಪುನೀರನ್ನು ಮತ್ತೆ ಆಳಕ್ಕೆ ತುಂಬಿದ್ದರಿಂದ 2016ರಲ್ಲಿ 5.8 ತೀವ್ರತೆಯ ಕಂಪನವಾಯಿತು.

ಬೋರ್‌ವೆಲ್ ಮನೆ: ನಲ್ಲಿ ತಿರುಗಿಸಿದರೆ ನೀರು ಉಗುಳಿ ಉಗುಳಿ ಬರುತ್ತೆ. ಲೋಟದಲ್ಲಿ ಹಾಲಿನ ಹಾಗೆ ಕಂಡು ಆಮೇಲೆ ತಿಳಿಯಾಗುತ್ತೆ. ಹತ್ತಿರದಲ್ಲೇ ಮುಚ್ಚಿದ ಹಳೇ ಗ್ಯಾಸ್ ಬಾವಿ ಇದೆ. ನಲ್ಲಿಗೆ ಲೈಟರ್ ಹಿಡಿದು ನೋಡಿ ಅಂತ ಒಂದು ಫಾರ್ವರ್ಡ್ ಬಂದಿದೆ. ಮಾಡಬಹುದಾ?

ಎಂಜಿನಿಯರ್: ಬೇಡ. ದಯವಿಟ್ಟು ಬೇಡ. ಉಳಿದ ಪ್ರಶ್ನೆಗಳು ಕಾಯಲಿ.

ಅದು ಬರೀ ಗಾಳಿಯೂ ಇರಬಹುದು. ನೀರಿನ ಮಟ್ಟ ಇಳಿದರೆ ಪಂಪ್ ಗಾಳಿ ಎಳೆಯುತ್ತದೆ. ಆದರೆ ಪಕ್ಕದಲ್ಲಿ ಹಳೇ ಬಾವಿ ಇದೆ ಅಂದಿರಿ, ನನಗೆ ಚಿಂತೆ ಅದೇ. ಕಾಲ ಕಳೆದ ಹಾಗೆ ಬಾವಿಯ ಕಬ್ಬಿಣದ ಕೇಸಿಂಗ್ ಕೊಳವೆ ತುಕ್ಕು ಹಿಡಿಯುತ್ತದೆ. ಸುತ್ತ ತುಂಬಿದ ಸಿಮೆಂಟ್ ಬಿರುಕು ಬಿಡುತ್ತದೆ. ಆ ಸಂದಿಯಲ್ಲಿ ಮೀಥೇನ್, ಅಂದರೆ ಗ್ಯಾಸ್ ಬಾವಿಯ ಉರಿಯುವ ಗ್ಯಾಸ್, ಮೇಲೆ ಬಂದು ಅಂತರ್ಜಲ ಸೇರಬಹುದು. ಒಳಗೆ ಒತ್ತಡದಲ್ಲಿ ಕರಗಿರುತ್ತದೆ, ನಲ್ಲಿ ತೆರೆದಾಗ ಸೋಡಾ ಬಾಟಲಿಯ ಹಾಗೆ ಹೊರಬರುತ್ತದೆ. ಗಾಳಿಯಲ್ಲಿ ಶೇಕಡಾ 5ರಿಂದ 15ರಷ್ಟು ಬೆರೆತರೆ ಒಂದು ಕಿಡಿ ಸಾಕು. ಮೀಥೇನ್‌ಗೆ ವಾಸನೆಯೇ ಇಲ್ಲ. ಅಡುಗೆ ಗ್ಯಾಸಿನ ವಾಸನೆ ಬೇಕಂತಲೇ ಬೆರೆಸಿದ್ದು.

ಪಂಪ್ ಮನೆ, ಬಚ್ಚಲಿನ ಕಿಟಕಿ ಬಾಗಿಲು ತೆರೆದಿಡಿ. ಪಂಪ್ ಮನೆಯೊಳಗೆ ಸ್ವಿಚ್ ಹಾಕಬೇಡಿ, ಬೀಡಿ ಸಿಗರೇಟು ಹಚ್ಚಬೇಡಿ. ಬೋರ್ ಬಾಯಿಗೆ ವೆಂಟ್ ಪೈಪ್ ಹಾಕಿಸಿ, ಅದರ ತುದಿ ಬಯಲಿಗಿರಲಿ. ಲ್ಯಾಬ್‌ನವರೇ ಬಂದು ಸ್ಯಾಂಪಲ್ ಹಿಡಿಯಲಿ. ನೀವು ಬಾಟಲಿಯಲ್ಲಿ ಹಿಡಿದರೆ ದಾರಿಯಲ್ಲೇ ಗ್ಯಾಸ್ ಹಾರಿಹೋಗುತ್ತದೆ. ಅಮೆರಿಕದಲ್ಲಿ ನೀರಿನಲ್ಲಿ ಮೀಥೇನ್ ಲೀಟರಿಗೆ 10 ಮಿಲಿಗ್ರಾಂ ದಾಟಿದರೆ ಎಚ್ಚರಿಕೆ, 28 ದಾಟಿದರೆ ತಕ್ಷಣ ಕ್ರಮ. ಐಸೊಟೋಪ್ ಪರೀಕ್ಷೆಯನ್ನೂ ಕೇಳಿ. ಗ್ಯಾಸ್ ಆಳದ ಬಂಡೆಯದೋ ಮೇಲಿನ ಕೊಳೆತ ಮಣ್ಣಿನದೋ ಅಂತ ತಿಳಿಯಲು ಅದು ಬೇಕು.

ಒಬ್ಬ ಸದಸ್ಯ: ಇಷ್ಟೆಲ್ಲಾ ಯಾಕೆ? ಕುದಿಸಿದರೆ ಗ್ಯಾಸ್ ಹೋಗುತ್ತೆ. ವಿಡಿಯೋ ಇದೆ, ಹಾಕಲಾ?

ಎಂಜಿನಿಯರ್: ಹಾಕಬೇಡಿ. ನೀರಿನಿಂದ ಹೋದ ಗ್ಯಾಸ್ ಕೋಣೆಯಲ್ಲೇ ಇರುತ್ತದೆ, ಒಲೆಯೂ ಅಲ್ಲೇ ಉರಿಯುತ್ತಿರುತ್ತದೆ. ಇಂಥ ಫಾರ್ವರ್ಡ್‌ನಿಂದ ಜೀವ ಹೋಗುತ್ತದೆ.

ರಿಗ್ ಕೆಲಸ: ಮೇಡಂ, ಡಿಪ್ಲೊಮಾ ಮುಗಿದಿದೆ. ರಿಗ್ ಸೇರುವುದು ಹೇಗೆ?

ಮೇಷ್ಟ್ರು: ಕೊಳೆತ ಮೊಟ್ಟೆ ವಾಸನೆ ನಿಂತರೆ ಅಪಾಯ ಕಳೆಯಿತು ಅಂತ ಓದಿದ್ದೆ.

ಎಂಜಿನಿಯರ್: ತಪ್ಪು ಸರ್. ಆ ವಾಸನೆ ಮೀಥೇನ್‌ದಲ್ಲ, ಹೈಡ್ರೋಜನ್ ಸಲ್ಫೈಡ್ ಎಂಬ ವಿಷದ ಗ್ಯಾಸಿನದು. ಗಾಳಿಯಲ್ಲಿ 100 ಪಿಪಿಎಂ (ಹತ್ತು ಲಕ್ಷದಲ್ಲಿ ನೂರು ಪಾಲು) ಹತ್ತಿರ ಮೂಗನ್ನೇ ಮಂಕು ಮಾಡುತ್ತದೆ. 2003ರಲ್ಲಿ ಚೀನಾದ ಒಂದು ಗ್ಯಾಸ್ ಬಾವಿ ಸಿಡಿದು ಈ ಗ್ಯಾಸಿನಿಂದ 200ಕ್ಕೂ ಹೆಚ್ಚು ಜನ ಸತ್ತರು. ನಾವು ರಿಗ್‌ನಲ್ಲಿ ಮೂಗು ನಂಬುವುದಿಲ್ಲ, ಮೀಟರ್ ನಂಬುತ್ತೇವೆ.

ಗ್ಯಾಸ್ ಪರ: ಏನೇ ಹೇಳಿ, ಕಲ್ಲಿದ್ದಲಿಗಿಂತ ಗ್ಯಾಸ್ ವಾಸಿ.

ಪರಿಸರ ಪ್ರೇಮಿ: ಸೋರುವುದರ ಲೆಕ್ಕ? 20 ವರ್ಷದಲ್ಲಿ ಮೀಥೇನ್ ಕಾರ್ಬನ್ ಡೈಆಕ್ಸೈಡಿಗಿಂತ ಸುಮಾರು 80 ಪಟ್ಟು ಜಾಸ್ತಿ ಬಿಸಿ ಹಿಡಿಯುತ್ತೆ.

ಗ್ಯಾಸ್ ಪರ: ನೂರು ವರ್ಷದ ಲೆಕ್ಕ ಹಿಡಿದರೆ 30ರ ಹತ್ತಿರ. ಬೇಕಾದ್ದನ್ನೇ ಆರಿಸಿ ಹೇಳಬೇಡಿ.

ಪರಿಸರ ಪ್ರೇಮಿ: ನಿಮ್ಮ ಮನೆ ಪಕ್ಕ ಬಾವಿ ಇದ್ದಿದ್ದರೆ ಹೀಗೆ ಮಾತಾಡುತ್ತಿರಲಿಲ್ಲ.

ಗ್ಯಾಸ್ ಪರ: ವೈಯಕ್ತಿಕ ಆಗಬೇಡಿ. ಓದಿಕೊಂಡು ಬನ್ನಿ.

ಅಡ್ಮಿನ್: ಇಬ್ಬರೂ ನಿಲ್ಲಿಸಿ.

ಇನ್ನೊಬ್ಬರು: ಎಣ್ಣೆ ತೆಗೆದರೆ ಭೂಮಿ ಟೊಳ್ಳಾಗಲ್ವಾ?

ಎಂಜಿನಿಯರ್: ಮೇಲೆ ಓದಿ.

ಬೋರ್‌ವೆಲ್ ಮನೆ: ಬಾಗಿಲು ತೆರೆದಿಟ್ಟೆ ಮೇಡಂ. ಪಕ್ಕದ ಮನೆಯಲ್ಲೂ ನೀರು ಹೀಗೇ ಬರುತ್ತಂತೆ. ಅವರ ಪಂಪ್ ಮನೆಗೆ ಕಿಟಕಿಯೇ ಇಲ್ಲ.

ಎಂಜಿನಿಯರ್: ಫೋನ್ ಕೆಳಗಿಟ್ಟು ಈಗಲೇ ಹೋಗಿ ಅವರಿಗೆ ಹೇಳಿ. ಎರಡೂ ಬೋರ್‌ನ ಸ್ಯಾಂಪಲ್ ಒಂದೇ ದಿನ ತೆಗೆಸಿ. ಹಳೇ ಬಾವಿಯ ಜವಾಬ್ದಾರಿ ಯಾರದೋ ಅವರಿಗೆ ಇಬ್ಬರೂ ಸೇರಿ ಬರವಣಿಗೆಯಲ್ಲಿ ದೂರು ಕೊಡಿ. ವರದಿ ಬಂದ ಕೂಡಲೇ ನನಗೆ ಕಳಿಸಿ, ರಾತ್ರಿಯಾದರೂ ಸರಿ.