ಪಾಪ್ಯುಲಿಸ್ಟ್ ಪಕ್ಷಕ್ಕೆ ಕನ್ನಡದಲ್ಲಿ ಏನನ್ನೋಣ?

ಎಲ್ಲರಿಗೂ ನಮಸ್ಕಾರ. ಕೇರಳದ ಕುಂಬಳೆ ಹತ್ತಿರದ ಕನ್ನಡ ಶಾಲೆಯೊಂದರಲ್ಲಿ ಚರಿತ್ರೆ ಕಲಿಸುತ್ತೇನೆ. ಅಮೆರಿಕದಲ್ಲಿ 1890ರ ದಶಕದಲ್ಲಿದ್ದ ಪೀಪಲ್ಸ್ ಪಾರ್ಟಿ, ಅಂದರೆ ಪಾಪ್ಯುಲಿಸ್ಟ್ ಪಕ್ಷದ ಬಗ್ಗೆ ಮಕ್ಕಳಿಗೆ ಎರಡು ಪುಟ ಬರೆಯಲು ಕೂತೆ. ಪಾಪ್ಯುಲಿಸ್ಟ್‌ಗೆ 'ಜನಪ್ರಿಯ' ಅಂತ ಹಾಕಿದರೆ 'ಜನಪ್ರಿಯ ಪಕ್ಷವು ಜನಪ್ರಿಯತೆ ಕಳೆದುಕೊಂಡಿತು' ಅಂತ ಬಂತು. ಓದಿದರೆ ತಲೆಬುಡ ತಿಳಿಯುವುದಿಲ್ಲ.

'ಜನಪ್ರಿಯ ಬಜೆಟ್' ಅಂತ ಪತ್ರಿಕೆಗಳು ಬರೆಯುತ್ತವೆ, ನಿಜ. ಆದರೆ ಜನಪ್ರಿಯ ಅಂದರೆ ಜನ ಮೆಚ್ಚಿದ್ದು, ಅಲ್ವಾ? ದುಡಿಯುವ ಜನ ಒಂದು ಕಡೆ, ಅವರನ್ನು ಸುಲಿಯುವ ನಾಲ್ಕು ದೊಡ್ಡವರು ಇನ್ನೊಂದು ಕಡೆ, ನಾವು ಜನರ ಕಡೆಯವರು ಅನ್ನುವುದು ಪಾಪ್ಯುಲಿಸ್ಟ್ ಮಾತು. ವೋಟು ಬೀಳದಿದ್ದರೂ ಆ ಪಕ್ಷ ಪಾಪ್ಯುಲಿಸ್ಟೇ.

'ಜನಮರುಳು' ಅನ್ನಿ ಅಂದರು ಸ್ನೇಹಿತರೊಬ್ಬರು. ನನಗೆ ಒಪ್ಪಿಗೆಯಿಲ್ಲ. ಪಾಪ್ಯುಲಿಸ್ಟ್ ಅನ್ನುವ ಹೆಸರನ್ನು ಆ ಪಕ್ಷದವರು ತಾವೇ ಇಷ್ಟಪಟ್ಟು ಹೇಳಿಕೊಳ್ಳುತ್ತಿದ್ದರು. ಗೋಧಿ, ಹತ್ತಿ ಬೆಳೆದು, ದರ ಬಿದ್ದು, ರೈಲು ಕಂಪನಿಗಳ ಸಾಗಣೆ ಬಾಡಿಗೆ ಕಟ್ಟಲಾಗದೆ ಸಾಲದಲ್ಲಿ ಮುಳುಗಿದವರೇ ಅಲ್ಲಿ ಜಾಸ್ತಿ (ಅಡಿಕೆಯ ಕ್ರಯ ಇಳಿದಾಗ ಏನಾಗುತ್ತದೆಂದು ನೋಡಿದ ನಮ್ಮೂರಿನವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ). 1892ರ ಜುಲೈಯಲ್ಲಿ ಒಮಾಹಾ ನಗರದಲ್ಲಿ ಸೇರಿ, ರೈಲು ಸರಕಾರದ್ದಾಗಲಿ, ಹೆಚ್ಚು ಆದಾಯಕ್ಕೆ ಹೆಚ್ಚು ತೆರಿಗೆ ಹಾಕಲಿ, ಅಲ್ಲಿನ ಸಂಸತ್ತಿನ ಮೇಲ್ಮನೆಯಾದ ಸೆನೆಟಿಗೆ ಜನರೇ ಆರಿಸಿ ಕಳಿಸಲಿ ಅಂದರು. ಆ ವರ್ಷದ ಅಧ್ಯಕ್ಷ ಚುನಾವಣೆಯಲ್ಲಿ ಅವರ ಜೇಮ್ಸ್ ವೀವರ್‌ಗೆ 10 ಲಕ್ಷಕ್ಕೂ ಮೇಲೆ ವೋಟು ಬಿತ್ತು. 1896ರಲ್ಲಿ ಡೆಮಾಕ್ರಟಿಕ್ ಪಕ್ಷದ ಬ್ರಯಾನ್ ಅವರನ್ನೇ ತಮ್ಮ ಅಭ್ಯರ್ಥಿ ಮಾಡಿಕೊಂಡರು. ಬ್ರಯಾನ್ ಸೋತರು, ಪಕ್ಷ ಕರಗುತ್ತಾ ಹೋಯಿತು. ಆದರೆ ಆದಾಯ ತೆರಿಗೆಗೆ ದಾರಿ, ಸೆನೆಟಿಗೆ ನೇರ ಚುನಾವಣೆ, ಎರಡೂ 1913ರಲ್ಲಿ ಅಲ್ಲಿನ ಸಂವಿಧಾನಕ್ಕೆ ಸೇರಿದವು. ಇಂಥವರನ್ನು ಮರುಳು ಮಾಡಿದವರು ಅನ್ನಲು ಮನಸ್ಸು ಬರುವುದಿಲ್ಲ.

ನಮ್ಮ ಮಕ್ಕಳು 'ಜನಕೀಯ ಪಕ್ಷ' ಅನ್ನುತ್ತಾರೆ. ಮಲಯಾಳದ ಮಾತು. ಮೊದಲು 20 ರೂಪಾಯಿಗೆ ಊಟ ಕೊಡುತ್ತಿದ್ದ 'ಜನಕೀಯ ಹೋಟೆಲ್' ಬೋರ್ಡು ಓದಿ ಓದಿ ಬಾಯಿಗೆ ಬಂದದ್ದು. ಕೇಳಲು ಚೆಂದವೇ ಇದೆ, ಆದರೆ ಘಟ್ಟದ ಮೇಲಿನವರಿಗೆ ತಿಳಿಯುತ್ತದಾ? ಮತ್ತೆ, ಜನಕೀಯ ಅಂದರೆ ಜನರದ್ದು ಅಂತಷ್ಟೇ. ಅದು 'ಪೀಪಲ್ಸ್'ಗೆ ಹೊಂದುತ್ತದೆ, 'ಪಾಪ್ಯುಲಿಸ್ಟ್'ಗೆ ಸಾಲುವುದಿಲ್ಲ. 'ಜನವಾದಿ'ಯನ್ನು ಎಡಪಂಥದ ಸಂಘಟನೆಗಳು ಆಗಲೇ ಬಳಸುತ್ತಿವೆ.

ಸದ್ಯಕ್ಕೆ 'ಜನಪಕ್ಷವಾದಿ' ಅಂತ ಬರೆದಿಟ್ಟಿದ್ದೇನೆ. ಹೊಗಳಿಕೆಯೂ ಆಗದ, ಬೈಗುಳವೂ ಆಗದ, ಹತ್ತನೇ ಕ್ಲಾಸಿನ ಮಗುವಿಗೆ ಕೂಡಲೇ ಹೊಳೆಯುವ ಪದ ನಿಮ್ಮಲ್ಲಿ ಯಾರ ಬಾಯಲ್ಲಾದರೂ ಇದ್ದರೆ ದಯವಿಟ್ಟು ತಿಳಿಸಿ. ಸೋಮವಾರ ಪಾಠ ಇದೆ.