ಸಿದಿ ಮುಬಾರಕ್ ಬಾಂಬೆ ಬಗ್ಗೆ ಗೊತ್ತಿರುವವರು ಹೇಳಿ

ಯಲ್ಲಾಪುರದ ಟೀಚರ್:
ನನ್ನ ಕ್ಲಾಸಿನಲ್ಲಿ ಆಫ್ರಿಕಾ ಮೂಲದ ಸಿದ್ದಿ ಸಮುದಾಯದ ಮಕ್ಕಳು ಜಾಸ್ತಿ. ನಿನ್ನೆ ಭೂಪಟ ನೋಡುವಾಗ ಒಬ್ಬ ಹುಡುಗ, "ಟೀಚರ್, ನಮ್ಮಂಥವರು ಯಾರೂ ದೇಶ ಸುತ್ತಲಿಲ್ವಾ?" ಅಂದ. ಸಿದಿ ಮುಬಾರಕ್ ಬಾಂಬೆ ಹೆಸರು ಮಾತ್ರ ಕೇಳಿದ್ದೇನೆ. ಇವನ ಕಥೆ ಏನು?

ಹಳೇ ನಕಾಶೆ:
ಮೇಡಂ, ಆ ಹುಡುಗನಿಗೆ ಖಂಡಿತ ಹೇಳಿ. ಮುಬಾರಕ್ ಪೂರ್ವ ಆಫ್ರಿಕಾದ "ಯಾವೋ" ಎಂಬ ಬುಡಕಟ್ಟಿನವನು. ಸುಮಾರು 12 ವರ್ಷದವನಿದ್ದಾಗ ಕತ್ತಿ, ಕೋವಿ ಹಿಡಿದ ವ್ಯಾಪಾರಿಗಳು ಊರನ್ನು ಸುತ್ತುವರಿದರು. ಬರಗಾಲದಲ್ಲಿ ಕೊಟ್ಟಿದ್ದ ಬಟ್ಟೆ, ಮಣಿಗಳ ಸಾಲ ಈಗಲೇ ತೀರಿಸಿ ಎಂದರು. ಊರಿನವರ ಹತ್ತಿರ ಏನಿತ್ತು? ಹುಡುಗನನ್ನು ಹಿಡಿದೊಯ್ದು, ಒಂದಿಷ್ಟು ಬಟ್ಟೆಗೆ ಮಾರಿದರು. ಅಪ್ಪ ಸತ್ತನೋ ಉಳಿದನೋ, ಅವನಿಗೆ ಕೊನೆಗೂ ತಿಳಿಯಲಿಲ್ಲ. ಇದನ್ನು ಓದಿದ ದಿನ ನನಗೆ ಊಟ ಸೇರಲಿಲ್ಲ.

ಹೀಗೆ ಮಾರಾಟವಾಗಿ ಭಾರತಕ್ಕೆ ಬಂದು, ಇಲ್ಲಿ ವರ್ಷಗಟ್ಟಲೆ ಗುಲಾಮನಾಗಿದ್ದ. ಯಜಮಾನ ಸತ್ತ ಮೇಲೆ ಬಿಡುಗಡೆಯಾಗಿ ಆಫ್ರಿಕಾಕ್ಕೆ ಮರಳಿದ. 1857ರಲ್ಲಿ ಬ್ರಿಟಿಷ್ ಅನ್ವೇಷಕರಾದ ಬರ್ಟನ್, ಸ್ಪೀಕ್ ಜೊತೆ ಆಫ್ರಿಕಾದ ಒಳನಾಡಿಗೆ ಹೊರಟ. ಭಾರತದಲ್ಲಿ ಕಲಿತ ಹಿಂದೂಸ್ತಾನಿಯಲ್ಲೇ ಸ್ಪೀಕ್ ಜೊತೆ ಮಾತು! ಆಮೇಲೆ, ಆಫ್ರಿಕಾದಲ್ಲಿ ಸುಳಿವು ಸಿಗದಂತಾಗಿದ್ದ ಅನ್ವೇಷಕ ಲಿವಿಂಗ್‌ಸ್ಟನ್‌ನನ್ನು ಹುಡುಕಲು ಪತ್ರಕರ್ತ ಸ್ಟ್ಯಾನ್ಲಿ ಜೊತೆಗೂ ಹೋದ.

ಕಡಲ ದಾರಿ:
ಇನ್ನೊಬ್ಬ ಬ್ರಿಟಿಷ್ ಅನ್ವೇಷಕ ಕ್ಯಾಮರಾನ್ ಜೊತೆ ಪೂರ್ವದಿಂದ ಪಶ್ಚಿಮ ಕರಾವಳಿವರೆಗೆ ಇಡೀ ಆಫ್ರಿಕಾ ದಾಟಿದ್ದನ್ನೂ ಸೇರಿಸಿ. 1875ರಲ್ಲಿ ಆ ಪಯಣ ಮುಗಿಯಿತು. ಕೆರೆ, ನದಿಗಳನ್ನು "ಕಂಡುಹಿಡಿದ" ಹೆಸರು ಬಿಳಿಯರಿಗೆ ಹೋಯಿತು. ಜನರನ್ನು ಕೂಡಿಸಿ, ಜಗಳ ಬಿಡಿಸಿ, ಮುಂದೆ ನಡೆಸಿದವನು ಇವನು ಅಲ್ವಾ?

ಯಲ್ಲಾಪುರದ ಟೀಚರ್:
ತುಂಬಾ ಥ್ಯಾಂಕ್ಸ್. ನಾಳೆ ಅದೇ ಭೂಪಟದ ಮೇಲೆ ಅವನು ನಡೆದ ದಾರಿಯನ್ನು ಆ ಹುಡುಗನ ಕೈಯಲ್ಲೇ ಗೆರೆ ಎಳೆಸುತ್ತೇನೆ.